ಹತ್ತನೆಯವರಾಗಿ ಕುಳಿತ ಶಿಫ್ರಾ ಗೊರೆಲಿಕ್

ವಿನ್ನಿಪೆಗ್ ನಗರದಲ್ಲಿ ನಿರಾಶ್ರಿತರ ಸೇವೆ ಎಂಬುದಕ್ಕೆ ಇಂದು ಒಂದು ಘನತೆ ಇದ್ದರೆ, ಅದರಲ್ಲಿ ಶ್ರೀಮತಿ ಶಿಫ್ರಾ ಗೊರೆಲಿಕ್ ಅವರ ಪಾಲು ಬಹಳ ದೊಡ್ಡದು. ಸೆಲ್ಕಿರ್ಕ್ ಅವೆನ್ಯೂವಿನ ಯಹೂದಿ ನೆರವಿನ ಸಂಘಕ್ಕೆ ಬೆರಳಚ್ಚುಗಾರ್ತಿಯಾಗಿ ಬಂದು, ಅದರ ಮೊದಲ ಮಹಿಳಾ ಸದಸ್ಯೆಯಾಗಿ, ಮುಂದೆ ಮೊದಲ ಅಧ್ಯಕ್ಷೆಯೂ ಆಗಿ, ತಮ್ಮವರಿಗಷ್ಟೇ ತೆರೆಯುತ್ತಿದ್ದ ಅದರ ಬಾಗಿಲನ್ನು ಎಲ್ಲರಿಗೂ ತೆರೆಸಿದ ಈ ಹಿರಿಯರು, ಎಪ್ಪತ್ತು ತುಂಬಿದ ಸಂದರ್ಭದಲ್ಲಿ ನಿವೃತ್ತರಾಗುತ್ತಿದ್ದಾರೆ. ಹೊಗಳಿದರೆ ಅವರಿಗೆ ಮೈ ಉರಿಯುತ್ತದೆ. "ಚಿಕ್ಕದಾಗಿ ಬರಿ, ಸತ್ತವರ ಬಗ್ಗೆ ಬರೆದ ಹಾಗೆ ಬರೀಬೇಡ" ಎಂದು ನನಗೆ ಮೊದಲೇ ತಾಕೀತು ಮಾಡಿದ್ದಾರೆ. ಆದಷ್ಟು ಪಾಲಿಸುತ್ತೇನೆ.

ಬರೆಯುವ ಯೋಗ್ಯತೆ ನನಗೇನು ಎಂದು ಕೇಳುವವರಿಗಾಗಿ ಒಂದು ಮಾತು. ನಾನು ತ್ರಿನ್ ಬಿಕ್ ಲಿಯೆನ್, ಅವರ ಕೈಕೆಳಗೆ ಪಳಗಿದವಳು. ಅದಕ್ಕೂ ಮೊದಲು, ಆ ಸಂಘ ಕರೆಸಿಕೊಂಡ ಮೊದಲ ವಿಯೆಟ್ನಾಂ ಕುಟುಂಬದ ಹಿರಿಯ ಮಗಳು.

ಶಿಫ್ರಾ ಅವರ ತಂದೆ ತುಪ್ಪಳದ ಕೋಟು ಹೊಲಿಯುತ್ತಿದ್ದರು. ಮಗಳಿಗೆ ಬಳುವಳಿಯಾಗಿ ಬಂದದ್ದು ಹಟ. ಬೇರೆಯವರು ಹೊಸಬರ ಮನೆಗೆ ಹಳೆಯ ಕಂಬಳಿ ಹೊತ್ತೊಯ್ದರೆ, ಇವರು ಬರಿಗೈಯಲ್ಲಿ ಹೋಗಿ, ಅಡುಗೆಮನೆಯಲ್ಲಿ ನಿಂತು, "ನಿಮ್ಮಲ್ಲಿ ಏನು ಬೇಯಿಸ್ತೀರಿ?" ಎಂದು ಕೇಳುತ್ತಿದ್ದರಂತೆ. ಮರುದಿನ ಅದಕ್ಕೆ ತಕ್ಕ ಪಾತ್ರೆ ಬರುತ್ತಿತ್ತು. ನಮ್ಮ ಮನೆಗೆ ಅವರು ತಂದ ಅನ್ನದ ಪಾತ್ರೆ ಎಷ್ಟು ದೊಡ್ಡದೆಂದರೆ, ನನ್ನ ತಮ್ಮ ಅದರೊಳಗೆ ಕುಳಿತು ಆಡುತ್ತಿದ್ದ. ಒಂದು ಸಂಸಾರಕ್ಕೆ ಎಷ್ಟು ಅಕ್ಕಿ ಸಾಕೆಂಬುದು ಅವರಿಗೆ ಇಂದಿಗೂ ತಿಳಿದಿಲ್ಲ.

ಆದರೆ ನಾವು ಇಲ್ಲಿಗೆ ಬಂದದ್ದೇ ಒಂದು ದೊಡ್ಡ ಕಥೆ. ಅಪ್ಪನನ್ನು ಸಮುದ್ರದಲ್ಲಿ ಕಳೆದುಕೊಂಡು, ಅಮ್ಮನೊಂದಿಗೆ ನಾವು ಮೂವರು ಮಕ್ಕಳು ಮಲೇಷಿಯಾದ ಶಿಬಿರವೊಂದರಲ್ಲಿದ್ದೆವು. ಅಮ್ಮನಿಗೆ ಕ್ಷಯ. ಅವಳ ಚಿಕಿತ್ಸೆಯ ಹೊಣೆ ಹೊರುವವರು ಯಾರೂ ಮುಂದೆ ಬಾರದಿದ್ದರೆ ಮಕ್ಕಳನ್ನು ಮಾತ್ರ ಬೇರೊಂದು ದೇಶಕ್ಕೆ ಕಳಿಸಿ, ಅವಳನ್ನು ಅಲ್ಲೇ ಉಳಿಸುವುದೆಂದು ತೀರ್ಮಾನವಾಗಿತ್ತು. ನಮ್ಮ ಸುದ್ದಿ ಶಿಫ್ರಾ ಅವರ ಕಿವಿಗೆ ಬಿದ್ದಾಗ ಗಡುವಿಗೆ ಉಳಿದಿದ್ದುದು ಮರುದಿನ ಬೆಳಗಿನವರೆಗೆ ಮಾತ್ರ. ಅವರು ತುರ್ತು ಸಭೆ ಕರೆಸಿದರು.

ಸಭೆ ನಡೆಯಲು ಹತ್ತು ಮಂದಿ ಬೇಕು. ಹಿಮಗಾಳಿಯ ದೆಸೆಯಿಂದ ಹಲವರು ಬರಲಿಲ್ಲ. ಕಾರ್ಯದರ್ಶಿ ಜೆಲಿಗ್ ಬ್ರೌಡಿ, ಎಲ್ಲರ ಬಾಯಲ್ಲಿ ಗೌರವದಿಂದ ರೆಬ್ ಜೆಲಿಗ್, ಎದ್ದು ತಲೆ ಎಣಿಸಿದರು. ಜನರನ್ನು ಎಣಿಸಿದರೆ ದೃಷ್ಟಿ ತಾಗುತ್ತದೆಂದು ಯಹೂದಿಗಳಲ್ಲಿ ಹಳಬರು ನೇರವಾಗಿ ಎಣಿಸುವುದಿಲ್ಲ. "ಒಂದಲ್ಲ, ಎರಡಲ್ಲ, ಮೂರಲ್ಲ" ಎಂದು ಸಾಗಿ ಅವರು "ಒಂಬತ್ತಲ್ಲ" ಎಂಬಲ್ಲಿ ನಿಂತರು. ಒಬ್ಬರು ಕಡಿಮೆ, ಸಭೆ ಇಲ್ಲ ಎಂದರು. ಎಲ್ಲರೂ ಕೋಟಿಗೆ ಕೈಹಾಕಿದರು.

ಶಿಫ್ರಾ ಸದಸ್ಯರಾಗಿ ಆಗಲೇ ಒಂದು ವರ್ಷವಾಗಿತ್ತು. ಅಷ್ಟು ದಿನವೂ ಗಂಡಸರೇ ಬೇಕಾದಷ್ಟು ಸೇರುತ್ತಿದ್ದುದರಿಂದ, ಪ್ರಾರ್ಥನೆಗೆ ಹತ್ತು ಗಂಡಸರನ್ನಷ್ಟೇ ಎಣಿಸುವ ವಾಡಿಕೆಯಂತೆಯೇ ಸಭೆಗೂ ಅವರನ್ನು ಬಿಟ್ಟು ಎಣಿಸಲಾಗುತ್ತಿದೆ ಎಂಬುದು ಯಾರ ಗಮನಕ್ಕೂ ಬಂದಿರಲಿಲ್ಲ. ನನಗೆ ಇದನ್ನು ನೆನೆದಾಗಲೆಲ್ಲ ಸಿಟ್ಟು ಬರುತ್ತದೆ. ಅವರಿಗೆ ಸಿಟ್ಟು ಬರಲಿಲ್ಲವಂತೆ, ಕುರ್ಚಿಯಿಂದ ಏಳಲೂ ಇಲ್ಲವಂತೆ. ನನ್ನನ್ನು ಎಣಿಸದೆ ಬಿಟ್ಟಿರಿ ಎಂದಷ್ಟೇ ಹೇಳಿದರು.

"ಬೇಜಾರು ಮಾಡ್ಕೋಬೇಡ ಕಣಮ್ಮ," ಎಂದರು ರೆಬ್ ಜೆಲಿಗ್. "ಪ್ರಾರ್ಥನೆ ಮನೇಲಿ ಎಣಿಸಿ ಎಣಿಸಿ ಅಭ್ಯಾಸ. ಕಣ್ಣು ಹಂಗೇ ಮುಂದಕ್ಕೆ ಹೋಗ್ಬಿಡ್ತು."

"ಅಲ್ಲಿ ನನ್ನ ಎಣಿಸಿ ಅಂತ ನಾನು ಕೇಳ್ತಿಲ್ಲ," ಎಂದರು ಶಿಫ್ರಾ. "ಅಲ್ಲಿ ಒಬ್ರು ಕಡಿಮೆ ಆದ್ರೆ ದೇವ್ರು ನಾಳೆವರೆಗೂ ಕಾಯ್ತಾನೆ, ರೆಬ್ ಜೆಲಿಗ್. ಆ ಮಕ್ಕಳ ತಾಯಿಗೆ ಕಾಯೋಕಾಗಲ್ಲ."

ರೆಬ್ ಜೆಲಿಗ್ ನಮ್ಮನ್ನು ಕರೆಸುವುದಕ್ಕೆ ಎಲ್ಲರಿಗಿಂತ ಹೆಚ್ಚು ವಿರೋಧವಿದ್ದವರು. ರಷ್ಯಾದಲ್ಲಿ ತಮ್ಮ ಯಹೂದಿಗಳೇ ಕಾಯುತ್ತಿರುವಾಗ ಇವರೇಕೆ ಎಂಬುದು ಅವರ ವಾದ. ಅವರ ತಂಗಿಯೇ ಅಲ್ಲಿ ಸಿಕ್ಕಿಬಿದ್ದಿದ್ದರಿಂದ ಆ ವಾದವನ್ನು ನಾನು ಹಗುರವಾಗಿ ಕಾಣಲಾರೆ. ಕೋಟು ತೊಟ್ಟು ಹೊರಟಿದ್ದರೆ ಮತವಿಲ್ಲದೆಯೇ ಗೆಲ್ಲುತ್ತಿದ್ದರು. ಅವರು ತೊಟ್ಟಿದ್ದ ಕೋಟನ್ನು ಬಿಚ್ಚಿ, ಮೊದಲಿನಿಂದ ಎಣಿಸಿ, ಶಿಫ್ರಾ ಅವರ ಮುಂದೆ ನಿಂತು "ಹತ್ತಲ್ಲ" ಎಂದರು. ಆಮೇಲೆ ನಮ್ಮ ವಿರುದ್ಧವೇ ಕೈ ಎತ್ತಿದರು. ನಾಲ್ವರು ವಿರುದ್ಧ, ಒಬ್ಬರು ತಟಸ್ಥ, ಐವರು ಪರ. ಆ ಐದನೆಯ ಕೈ ಶಿಫ್ರಾ ಅವರದು. ನಾವು ವಿಮಾನದಿಂದ ಇಳಿದಾಗ ಮೂರು ಮಕ್ಕಳ ಉಣ್ಣೆಯ ಕೋಟು ಹಿಡಿದು ನಿಂತಿದ್ದವರೂ ರೆಬ್ ಜೆಲಿಗ್ ಅವರೇ. ಈ ಕಥೆಯನ್ನೆಲ್ಲ ನನಗೆ ಹೇಳಿದ್ದು ಅವರು. ಶಿಫ್ರಾ ಒಮ್ಮೆಯೂ ಹೇಳಲಿಲ್ಲ.

ಅನಂತರ ಬಂದ ಕುಟುಂಬಗಳ, ಸಂದ ಸನ್ಮಾನಗಳ ವಿವರ ಈ ಅಭಿನಂದನಾ ಸಂಪುಟದ ಇತರ ಲೇಖನಗಳಲ್ಲಿದೆ. ನಾನು ಕಂಡದ್ದನ್ನು ಹೇಳುತ್ತೇನೆ. ಅಮ್ಮ ಆಸ್ಪತ್ರೆಯಲ್ಲಿದ್ದ ಆ ಚಳಿಗಾಲ, ಶನಿವಾರಗಳಂದು ಧರ್ಮನಿಯಮದಂತೆ ವಾಹನ ಹತ್ತದ ಶಿಫ್ರಾ ಹಿಮದಲ್ಲಿ ನಡೆದುಕೊಂಡೇ ಬಂದು, ಕಿಟಕಿಯಿಂದ ಅಮ್ಮನನ್ನು ನೋಡಲು ನಮ್ಮನ್ನು ಒಬ್ಬೊಬ್ಬರನ್ನಾಗಿ ಎತ್ತಿ ಹಿಡಿಯುತ್ತಿದ್ದರು. ಭಾರವಾಗಿದ್ದ ನನ್ನನ್ನೂ ಎತ್ತುತ್ತಿದ್ದರು. ಕೈ ನೋಯುತ್ತದೆ ಎಂದು ಒಮ್ಮೆಯೂ ಬೇಗ ಇಳಿಸಲಿಲ್ಲ.

ಇವರಲ್ಲಿ ಹಿರಿಯರಿಗೆ ನೂರಿಪ್ಪತ್ತು ವರ್ಷ ಬಾಳಿ ಎಂದು ಹಾರೈಸುವುದು ವಾಡಿಕೆ. ಅಷ್ಟು ಕಾಲವೂ ಅವರು ನಮ್ಮನ್ನು ಗದರುತ್ತ, ಕೆಲಸ ಮಾಡುತ್ತ, ಕೆಲಸ ಹಚ್ಚುತ್ತ ಇರಲಿ ಎಂದು ಬರೆದು ಮುಗಿಸಿ, ಅಮ್ಮನಿಗೆ ಓದಿ ಹೇಳಿದೆ. ಮೊಮ್ಮಕ್ಕಳನ್ನು ಕಂಡು, ಅವರಿಗೂ ಬುದ್ಧಿ ಹೇಳುವಷ್ಟು ಗಟ್ಟಿಯಾಗಿರುವ ಅಮ್ಮ ಕೊನೆಯ ಸಾಲನ್ನು ಇನ್ನೊಮ್ಮೆ ಓದಿಸಿಕೊಂಡಳು.

"ಅಷ್ಟೇ ಸಾಕಾ ಅಂತ ಕೇಳು," ಎಂದಳು. "ಇಲ್ಲಿಗೆ ಬಂದಮೇಲೆ ನಾನು ಬದುಕಿದ್ದೆಲ್ಲ ಅವರು ಕೊಟ್ಟಿದ್ದು. ಕಡಿಮೆ ಬಿದ್ರೆ ನನ್ನ ಹತ್ರ ತಗೊಳ್ಳೋಕೆ ಹೇಳು."