ಗಂಗಮ್ಮನ ಗೋಡೆ

ನನ್ನ ನಾದಿನಿ ಮುಂದೆ ಈಜಿನಲ್ಲಿ ರಾಜ್ಯಕ್ಕೇ ಮೊದಲಿಗಳಾದಳು, ಅದರಿಂದಲೇ ಸರ್ಕಾರಿ ಕೆಲಸವನ್ನೂ ಹಿಡಿದಳು. ಆ ಫೋಟೋಗಳು ನೆಂಟರ ಮನೆಗಳಲ್ಲೆಲ್ಲ ಇವೆ. ನನಗೆ ನೆನಪಾಗುವುದು ಮಾತ್ರ ತೊಂಬತ್ತರ ದಶಕದ ಶುರುವಿನಲ್ಲಿ, ಅವಳಿನ್ನೂ ಹೈಸ್ಕೂಲಿನಲ್ಲಿದ್ದಾಗ, ಕ್ಯಾತನಹಳ್ಳಿಯ ನಮ್ಮ ಕಬ್ಬಿನ ಗದ್ದೆಯಲ್ಲಿದ್ದ ಬಾವಿ.

ನಾನು ಮೈಸೂರಿನ ಕಾನ್ವೆಂಟಿನಲ್ಲಿ ಓದಿ ಆ ಮನೆಗೆ ಸೊಸೆಯಾಗಿ ಬಂದವಳು, ನೀರೆಂದರೆ ಹೆದರಿಕೆ. ಅವಳೋ ಸೊಂಟಕ್ಕೆ ಸೋರೆಬುರುಡೆ ಕಟ್ಟಿಸಿಕೊಳ್ಳುವ ವಯಸ್ಸಿನಿಂದಲೇ ನಾಲೆಯಲ್ಲಿ ಬೆಳೆದವಳು. ಶಾಲೆಯ ಪಿ.ಟಿ. ಮೇಷ್ಟ್ರು ಅವಳ ಈಜು ನೋಡಿ ಮೈಸೂರಿನ ಆಯ್ಕೆ ಸ್ಪರ್ಧೆಗೆ ಹೆಸರು ಕೊಟ್ಟರು. ಅಲ್ಲಿ ಮೊದಲ ಇಬ್ಬರಲ್ಲಿ ಬಂದರೆ ರಾಜ್ಯಮಟ್ಟಕ್ಕೆ. "ಆಗ್ನಿಲ್ಲ ಅಂದ್ರೆ ಅಲ್ಲಿಗೇ ನಿಲ್ಲಿಸ್ಬುಡ್ಬೇಕು," ಎಂದು ಅತ್ತೆ ಮೊದಲೇ ಹೇಳಿಬಿಟ್ಟಿದ್ದರು.

ತೊಂದರೆ ಏನೆಂದರೆ, ನಾಲೆಯಲ್ಲಿ ನೇರ ಹೋಗುತ್ತಿದ್ದರಾಯಿತು. ಈಜುಕೊಳದಲ್ಲಿ ತುದಿಗೆ ಬಂದ ಕೂಡಲೇ ನೀರೊಳಗೇ ಪಲ್ಟಿ ಹೊಡೆದು, ಗೋಡೆ ಒದ್ದು ವಾಪಸಾಗಬೇಕು. ಅದನ್ನು ಕಲಿಯಲೆಂದೇ ಅವಳು ಬಾವಿಗೆ ಇಳಿದದ್ದು.

ಮೊದಲ ದಿನವೇ ಅತ್ತೆ ಹುಲ್ಲಿನ ಹೊರೆ ಎಸೆದು ಓಡಿಬಂದರು. "ಲೇ, ಗಂಗಮ್ಮನ ಗೋಡೆ ಒದೀತಿದ್ದೀಯಲ್ಲೇ! ಅರಿಸ್ನ ಕುಂಕ್ಮ ಇಟ್ಟಿರೋದು ಕಾಣಾಕಿಲ್ವಾ?"

"ಮೇಷ್ಟ್ರು ಒದೀಬೇಕು ಅಂದ್ರು ಕಣವ್ವ."

"ಅಂಗಾರೆ ಅವ್ರ ಮನೆ ಗೋಡೆ ಓಗಿ ಒದಿ."

ಕೊನೆಗೆ ರಾಜಿಯಾಯಿತು. ಪೂಜೆಯ ಗೋಡೆಯನ್ನು ಕೈಯಿಂದ ಮುಟ್ಟಿ ತಿರುಗುವುದು, ಎದುರಿನದನ್ನು ಒದೆಯುವುದು. ಮಿಕ್ಕೆರಡು ಕಡೆ ಮೆಟ್ಟಿಲು, ಪಂಪಿನ ಪೈಪು. ಸ್ಪರ್ಧೆಯವರೆಗೂ ಹೀಗೇ ನಡೆಯಿತು. ಗೋಡೆ ಮುಟ್ಟಿದ ಬೆರಳನ್ನು ಒಂದೊಂದು ಸಲ ಕಣ್ಣಿಗೂ ಒತ್ತಿಕೊಳ್ಳುತ್ತಿದ್ದಳು. ಟವೆಲ್ ಹಿಡಿದು ದಂಡೆಯಲ್ಲಿ ಕೂತ ನನಗೆ ಅದು ಚೆಂದ ಕಾಣುತ್ತಿತ್ತು.

ಮೈಸೂರಿನಲ್ಲಿ, ಬೆಳಗಿನ ಸುತ್ತಿನಲ್ಲಿ, ಅದೇ ಅಭ್ಯಾಸ ಕೈಕೊಟ್ಟಿತು. ಈಚೆ ತುದಿಯಲ್ಲಿ ಮೀನಿನಂತೆ ಮಗುಚಿ ಮುಂದೆ ಬರುತ್ತಿದ್ದವಳು, ಆಚೆ ತುದಿಯಲ್ಲಿ ಕೈಯಿಟ್ಟು, ನಿಂತು, ತಿರುಗುವಷ್ಟರಲ್ಲಿ ಹಿಂದೆ ಬೀಳುತ್ತಿದ್ದಳು. ಫೈನಲ್ಲಿಗೆ ಆರಿಸಿದವರಲ್ಲಿ ಅವಳೇ ಕೊನೆಯವಳು.

"ಆ ಗೋಡೆಗೇನಮ್ಮ ಮಡಿ?" ಎಂದು ಮೇಷ್ಟ್ರು ಹಣೆ ಚಚ್ಚಿಕೊಂಡರು.

"ಅತ್ತಿಗೆ, ಅಲ್ಲಿಗೋದ್ರೆ ಕಾಲೇ ಏಳಾಕಿಲ್ಲ," ಎಂದಳು ನನಗೆ. ಟೋಪಿಯ ರಬ್ಬರು ಅವಳ ಹಣೆಯ ಮೇಲೆ ಕೆಂಪು ಗೆರೆ ಬಿಟ್ಟಿತ್ತು.

ನಮ್ಮ ಜೊತೆ ಬಂದಿದ್ದ ಅತ್ತೆ ಬುತ್ತಿಯ ಗಂಟನ್ನು ನನ್ನ ಕೈಗಿತ್ತು, ಚಪ್ಪಲಿ ಬಿಟ್ಟು, ಕೊಳದ ಅಂಚಿಗೆ ಹೋಗಿ ಬಗ್ಗಿ ಒಂದು ಬೊಗಸೆ ನೀರೆತ್ತಿದರು. ಮೂಗಿನ ಹತ್ತಿರ ತಂದವರೇ ಮುಖ ಸಿಂಡರಿಸಿದರು.

"ಥೂ, ಬ್ಲೀಚಿಂಗ್ ಪೌಡ್ರು! ಇದ್ರೊಳಗೆ ಗಂಗಮ್ಮ ಎಲ್ಲಿರ್ತಾಳೆ? ಮೂಗ್ ಮುಚ್ಕೊಂಡು ಯಾವತ್ತೋ ಎದ್ದೋಗವ್ಳೆ. ನೀನು ಒದಿಯೇ."

"ನಿಜ್ವಾಗ್ಲೂನಾ ಅವ್ವ?"

"ಒದಿ ಅಂದ್ನಲ್ಲ. ಏನಾರ ಆದ್ರೆ ನನ್ ತಲೆ ಮ್ಯಾಲಿರ್ಲಿ."

ಮಧ್ಯಾಹ್ನದ ಫೈನಲ್ಲಿನಲ್ಲಿ ಅತ್ತೆ ಕೂರಲೇ ಇಲ್ಲ. ಮಗಳು ಆಚೆ ಗೋಡೆಗೆ ಹತ್ತಿರವಾದಂತೆ ನನ್ನ ಮಣಿಕಟ್ಟು ಹಿಡಿದುಕೊಂಡರು. ನನ್ನ ಗಾಜಿನ ಬಳೆಗಳು ಚರ್ಮಕ್ಕೆ ಒತ್ತಿದವು. ಅವಳ ತಲೆ ಮುಳುಗಿತು, ಎರಡು ಪಾದ ಮೇಲೆದ್ದು ಗೋಡೆಗೆ ಬಡಿದವು. ಅತ್ತೆ ಇನ್ನೊಂದು ಕೈಯಿಂದ ತಮ್ಮ ಎರಡೂ ಕೆನ್ನೆಗೆ ಮೆಲ್ಲಗೆ ತಟ್ಟಿಕೊಂಡರು. ಮುಂದಿನ ಒದೆತಕ್ಕೂ ಹಾಗೇ. ಮಗಳು ಎರಡನೆಯವಳಾಗಿ ಬಂದು ಮೇಷ್ಟ್ರು ಕುಣಿಯುತ್ತಿದ್ದಾಗಲೂ ಆ ಕೈ ಕೆನ್ನೆಯ ಮೇಲೇ ಇತ್ತು.