ಲೈನಕ್ಕ ಹಿಡಿದ ವೈರು

ಇಪ್ಪತ್ತಮೂರು ವರ್ಷದಲ್ಲಿ ಎಷ್ಟು ಸಲ ಏಣಿ ಹತ್ತಿದ್ದೀರಿ ಎಂದು ಯಾರಾದರೂ ಕೇಳಿದರೆ ಲೈನಕ್ಕನದು ಒಂದೇ ಉತ್ತರ: "ಎಷ್ಟು ಸಲ ಹತ್ತಿದೀನೋ ಅಷ್ಟು ಸಲ ಮೆಟ್ಟಿಲು ಮೇಲೇ ಇಳಿದಿದೀನಿ." ಒಮ್ಮೆಯೂ ಬಿದ್ದಿಲ್ಲ ಎಂಬುದನ್ನು ಹೇಳುವ ಅವಳ ರೀತಿ ಅದು. ಕೋಪ ಮೂಗಿನ ತುದಿಯಲ್ಲಿ, ಸ್ಕ್ರೂಡ್ರೈವರ್ ಸೊಂಟದಲ್ಲಿ. ಹೆಸರು ಬೇರೆ ಇದೆ, ಆದರೆ ಅದು ಸಂಬಳದ ಚೀಟಿಯಲ್ಲಿ ಬಿಟ್ಟರೆ ಎಲ್ಲೂ ಬಳಕೆಯಲ್ಲಿಲ್ಲ. ಬಡಾವಣೆಯ ಅರವತ್ತು ಬೀದಿಗೂ ಅವಳು ಲೈನಕ್ಕನೇ.

ಕೆಲಸಕ್ಕೆ ಸೇರಿದಾಗ ಅವಳದು ಟೆಲಿಫೋನ್ ಲೈನು. ಕಂಬ ಹತ್ತಿ, ತುಂಡಾದ ತಂತಿ ಜೋಡಿಸಿ, ಕೆಳಗಿಳಿಯುವ ಮೊದಲು ಆಫೀಸಿಗೆ ಒಂದು ಕರೆ ಮಾಡಬೇಕಿತ್ತು. "ಹಲೋ, ಕೇಳಿಸ್ತಿದೆಯಾ?" ಎನ್ನುವಳು. ಆ ಕಡೆಯಿಂದ "ಕೇಳಿಸ್ತಿದೆ" ಎಂದು ಒಂದು ಮಾತು, ಮರುಗಳಿಗೆ ಟಕ್ಕೆಂದು ಫೋನಿಟ್ಟ ಸದ್ದು. ಊರಿಗೆಲ್ಲ ಮಾತು ಕೊಟ್ಟವಳಿಗೆ ದಕ್ಕಿದ್ದು ಅಷ್ಟೇ ಮಾತು. ಅದಕ್ಕೇನೂ ಅವಳು ಬೇಸರಪಟ್ಟವಳಲ್ಲ. ಆ ಒಂದು ಮಾತು ಕೇಳಿದರೆ ಮಧ್ಯಾಹ್ನದ ಊಟ ಮೈಗೆ ಹತ್ತುತ್ತಿತ್ತು. ಬೇಕರಿಯಲ್ಲಿ ಕೆಲಸ ಮಾಡುವ ಗಂಡ ಮಾತ್ರ ಇಂದಿಗೂ ರೇಗಿಸುತ್ತಾನೆ: "ಊರಿನ ಲೈನೆಲ್ಲ ಇವಳಿಗೆ ಕೇಳಿಸತ್ತೆ, ನಾನು ಪಕ್ಕದಲ್ಲಿ ಕೂತು ಕರೆದ್ರೆ ಕೇಳ್ಸಲ್ಲ."

ಕೆಲಸ ಕಲಿಸಿದವರು ಒಬ್ಬ ಹಿರಿಯ ಲೈನ್‌ಮ್ಯಾನ್. ಅವರು ಕಣ್ಣು ಮುಚ್ಚಿ, ಹೆಬ್ಬೆರಳು ತೋರುಬೆರಳ ನಡುವೆ ವೈರು ಹಿಡಿದು, ಈ ತುದಿಯಿಂದ ಆ ತುದಿಗೆ ಸವರುತ್ತ ನಡೆಯುತ್ತಿದ್ದರು. ಎಲ್ಲಿ ಬೆರಳು ನಿಲ್ಲುತ್ತಿತ್ತೋ ಅಲ್ಲೇ ರೋಗ. "ಮೀಟರು ಎರಡು ತುದಿ ನೋಡತ್ತಮ್ಮಾ, ನಡುವೆ ಏನಾಗಿದೆ ಅಂತ ಕೈಯೇ ನೋಡ್ಬೇಕು," ಎನ್ನುತ್ತಿದ್ದರು. ಟೆಲಿಫೋನ್ ಹೋಗಿ ಇಂಟರ್ನೆಟ್ ಬಂದ ಮೇಲೂ ಲೈನಕ್ಕ ಹಾಗೇ ಸವರಿಕೊಂಡು ಬಂದಳು. ಕಳೆದ ವರ್ಷ ಕಂಪನಿ ಒಂದು ಹೊಸ ಮೀಟರ್ ಕೊಟ್ಟಿತು. ಅದರ ಎರಡು ತುಂಡನ್ನು ವೈರಿನ ಎರಡು ತುದಿಗೆ ಚುಚ್ಚಿದರೆ ಒಳಗಿನ ಎಂಟು ತಂತಿಗೆ ಎಂಟು ಹಸಿರು ದೀಪ. ಎಂಟೂ ಹೊತ್ತಿಕೊಂಡರೆ ಲೈನು ಸರಿ, ಮುಂದಿನ ಮನೆಗೆ ನಡೆ. ದಿನಕ್ಕೆ ಎಂಟು ದೂರು ಮುಗಿಸುತ್ತಿದ್ದವಳು ಹನ್ನೆರಡು ಮುಗಿಸತೊಡಗಿದಳು. ಆಫೀಸಿನ ಗೋಡೆಯ ಮೇಲೆ ಅವಳ ಫೋಟೋ ಏರಿತು. ಸವರುವ ಕೆಲಸ ಯಾವಾಗ ನಿಂತಿತೆಂದು ಅವಳಿಗೇ ಗೊತ್ತಾಗಲಿಲ್ಲ.

ಹೀಗಿರುವಾಗ ಟೇಲರಮ್ಮನ ಮನೆಯ ದೂರು ಬಂತು.

ಟೇಲರಮ್ಮನದು ಮುಂದೆ ಅಂಗಡಿ, ಹಿಂದೆ ಮನೆ. ಅಂಗಡಿಯಲ್ಲಿ ಎರಡು ಹೊಲಿಗೆ ಯಂತ್ರ, ಒಂದು ಇಸ್ತ್ರಿ ಮೇಜು, ಗೋಡೆಗೆ ಇಂಟರ್ನೆಟ್ಟಿನ ಬಿಳಿ ಡಬ್ಬಿ. ಅಂಗಡಿ ದಾಟಿದರೆ ಆಳೆತ್ತರದ ಕನ್ನಡಿ ನಿಲ್ಲಿಸಿದ ಇಕ್ಕಟ್ಟು ಓಣಿ. ಗಿರಾಕಿಗಳು ಬಟ್ಟೆ ಹಾಕಿ ನೋಡುವುದು ಅಲ್ಲಿ, ಅದರ ಬಾಯಿಗೆ ದಪ್ಪ ನೀಲಿ ಪರದೆ. ಓಣಿಯಾಚೆ ಮಗಳ ಕೋಣೆ. ಡಬ್ಬಿಯಿಂದ ಹೊರಟ ವೈರು ಪರದೆ ಕಟ್ಟಿದ ಬಾಗಿಲ ನೆತ್ತಿಯ ಮೇಲೆ ಹಾದು ಮಗಳ ಕಂಪ್ಯೂಟರ್ ಸೇರುತ್ತಿತ್ತು.

ಮಗಳಿಗೆ ಹತ್ತೊಂಬತ್ತು. ಬೆಳಿಗ್ಗೆ ಕಾಲೇಜು, ಸಂಜೆ ಆಟ. ಐವರು ಸೇರಿ ಒಂದು ಕೋಟೆ ಕಾಯುವ ಆಟ ಅದು. ಆ ಐವರೂ ಐದು ಊರಿನ ಹುಡುಗಿಯರು, ಒಬ್ಬರ ಮುಖ ಒಬ್ಬರು ಎದುರಿಗೆ ಕಂಡವರಲ್ಲ. ಆಟದಲ್ಲಿ ಇವಳ ಹೆಸರು ಕತ್ತರಿ, ಇವಳ ಕೆಲಸ ಕೋಟೆಯ ಬಾಗಿಲು ಕಾಯುವುದು. ಆದರೆ ಪಂದ್ಯ ಬಿಸಿಯೇರಿದ ಹೊತ್ತಿಗೇ ಲೈನು ಕಡಿದು, ನಾಲ್ಕೈದು ಸೆಕೆಂಡು ಕತ್ತರಿ ಮಾಯ. ಬಾಗಿಲು ಬಟಾಬಯಲು. ಎದುರು ತಂಡ ಅತ್ತೆ ಮನೆಗೆ ನುಗ್ಗಿದ ಹಾಗೆ ಒಳಗೆ.

"ವಿಡಿಯೋ ಚೆನ್ನಾಗೇ ಬರತ್ತಲ್ಲಮ್ಮಾ?" ಎಂದು ಲೈನಕ್ಕ ಮೊದಲ ಸಲ ಹೋದಾಗ ಕೇಳಿದ್ದಳು.

"ಬರತ್ತೆ ಅಕ್ಕಾ. ಆಟ ಮಾತ್ರ ಕಡೀತಿದೆ."

ಅದು ಲೈನಕ್ಕನಿಗೆ ಗೊತ್ತಿದ್ದ ಸಂಗತಿಯೇ. ವಿಡಿಯೋ ಎಂದರೆ ಮಾಳಿಗೆಯ ಮೇಲೆ ಟ್ಯಾಂಕಿರುವ ಮನೆ, ನಲ್ಲಿ ಐದು ನಿಮಿಷ ನಿಂತರೂ ತುಂಬಿಟ್ಟ ನೀರು ಬರುತ್ತಿರುತ್ತದೆ. ಆಟವೆಂದರೆ ನಲ್ಲಿಗೇ ಬಾಯಿಟ್ಟು ಕುಡಿದಂತೆ, ಗಳಿಗೆ ನಿಂತರೂ ಗಂಟಲು ಒಣ. ಲೈನಕ್ಕ ಮೀಟರ್ ಹಿಡಿದಳು. ಎಂಟೂ ಹಸಿರು. "ಲೈನ್ ಸರಿಯಿದೆ" ಎಂದು ಬರೆದು ಹೋದಳು. ಎರಡನೇ ಸಲ ಡಬ್ಬಿಯನ್ನೇ ಬದಲಿಸಿದಳು. ಮೂರನೇ ಸಲ ವೈರಿನ ಎರಡೂ ತುದಿಯ ಪ್ಲಗ್ಗು ಕಿತ್ತು ಹೊಸದು ಹಾಕಿದಳು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ! ಪ್ರತಿ ಸಲವೂ ಎಂಟು ಹಸಿರು, ಪ್ರತಿ ಸಲವೂ "ಲೈನ್ ಸರಿಯಿದೆ."

ನಾಲ್ಕನೇ ದೂರು ಬಂದದ್ದು ಒಂದು ಶನಿವಾರ, ಮಧ್ಯಾಹ್ನ ಎರಡೂವರೆಗೆ. ಆಫೀಸಿನ ಸೂಪರ್‌ವೈಸರ್ ಫೋನಿನಲ್ಲಿ ನಕ್ಕ. "ಅಕ್ಕಾ, ಆ ಆಟದ ಹುಡುಗಿ ಮತ್ತೆ. ಬಿಟ್ಬಿಡಿ, ಸೋಮವಾರ ನೋಡೋಣ. ಆಟ ತಾನೇ?"

"ಆಟವೋ ಪಾಠವೋ ನಿನಗ್ಯಾಕಪ್ಪಾ? ಲೈನು ಅಂದ್ರೆ ಲೈನು!" ಎಂದು ರೇಗಿ ಲೈನಕ್ಕ ಗಾಡಿ ಹತ್ತಿದಳು. ರೇಗಿದ್ದು ಅವನ ಮೇಲಲ್ಲ. ನಾಲ್ಕನೇ ಸಲ ಅದೇ ಮನೆಗೆ ಹೋಗುವುದು ಅವಳ ಜೀವಮಾನದಲ್ಲೇ ಇರಲಿಲ್ಲ.

ಬಾಗಿಲಲ್ಲೇ ಮಗಳು ಕಾಯುತ್ತಿದ್ದಳು. ಕಣ್ಣು ಕೆಂಪಗಿತ್ತು.

"ಅಕ್ಕಾ, ನಾಲ್ಕು ಗಂಟೆಗೆ ಸೆಮಿಫೈನಲ್. ಒಂದು ಟೂರ್ನಿಯಲ್ಲಿ ಮೂರು ಸಲ ಕಡಿದ್ರೆ ಆಟಗಾರ್ತಿ ಹೊರಗೆ, ಅದು ರೂಲ್ಸು. ನಂದು ಎರಡಾಗಿದೆ."

"ಅಷ್ಟಕ್ಕೇ ಅಳ್ತಾರಾ?"

"ಅದಕ್ಕಲ್ಲ. ಸೋಲ್ತೀವಿ ಅಂದಾಗೆಲ್ಲ ನಾನೇ ವೈರ್ ಕೀಳ್ತೀನಂತೆ. ಕಂಪನಿಯವ್ರೇ ಲೈನ್ ಸರಿಯಿದೆ ಅಂದ್ಮೇಲೆ ಇನ್ನೇನು ಅಂತ ನಮ್ಮ ಟೀಮಿನವರೇ ಅಂದ್ರು. ಕುಣಿಯಲಾರದವಳು ನೆಲ ಡೊಂಕು ಅಂದ್ಲಂತೆ ಅಂತ ಕ್ಯಾಪ್ಟನ್ ನಕ್ಕಳು. ಎರಡು ವರ್ಷ ಅವಳ ಪಕ್ಕದಲ್ಲೇ ನಿಂತು ಬಾಗಿಲು ಕಾದಿದೀನಿ ಅಕ್ಕಾ."

ಲೈನಕ್ಕನಿಗೆ ಕೆನ್ನೆಗೆ ಹೊಡೆದಂತಾಯಿತು. ಹುಡುಗಿಯನ್ನು ಸುಳ್ಳಿ ಮಾಡಿದ್ದು ತಂಡದವರಲ್ಲ. ಮೂರು ಸಲ "ಲೈನ್ ಸರಿಯಿದೆ" ಎಂದು ಬರೆದ ತನ್ನ ಕೈ.

ಟೇಲರಮ್ಮ ಎಂದಿನಂತೆ ಓಡಿಬಂದು ನೀಲಿ ಪರದೆಯನ್ನು ಬದಿಗೆ ಸರಿಸಿ ಕಟ್ಟಿದಳು. ಲೈನಕ್ಕ ಬಂದಾಗಲೆಲ್ಲ, ಓಡಾಡಲು ಅಡ್ಡಿಯಾಗಬಾರದೆಂದು ಅವಳು ಮಾಡುತ್ತಿದ್ದ ಮೊದಲ ಮರ್ಯಾದೆ ಅದು. ಮೀಟರಿನಲ್ಲಿ ಎಂಟೂ ಹಸಿರು. ಲೈನಕ್ಕ ಅದನ್ನು ಬ್ಯಾಗಿಗೆ ತುರುಕಿ ಡಬ್ಬಿಯ ಎದುರು ಸ್ಟೂಲು ಹಾಕಿಕೊಂಡು ಸುಮ್ಮನೆ ಕೂತಳು. ಒಳಗೆ ಮಗಳು ಅಭ್ಯಾಸದ ಆಟ ಶುರುಮಾಡಿದಳು. ಹತ್ತು ನಿಮಿಷ, ಇಪ್ಪತ್ತು ನಿಮಿಷ. ಏನೂ ಕಡಿಯಲಿಲ್ಲ. ಗಡಿಯಾರ ಮೂರೂಕಾಲು.

ಆಗ ಒಬ್ಬ ಗಿರಾಕಿ ಬಂದಳು, ಹೊಲಿಸಿದ ರವಿಕೆ ಹಾಕಿ ನೋಡಬೇಕಿತ್ತು. "ಸ್ವಲ್ಪ ತಡೀರಿ, ಲೈನಿನವರು ಕೆಲಸ ಮಾಡ್ತಿದಾರೆ," ಎಂದಳು ಟೇಲರಮ್ಮ.

"ನಾನೆಲ್ಲಿ ಕೆಲಸ ಮಾಡ್ತಿದೀನಿ, ಹೋಗ್ಲಿ ಬಿಡಿ," ಎಂದಳು ಲೈನಕ್ಕ.

ಗಿರಾಕಿ ಓಣಿಯೊಳಗೆ ಹೋಗಿ ಸರ್ರನೆ ಪರದೆ ಎಳೆದುಕೊಂಡಳು. ಡಬ್ಬಿಯ ಮೇಲಿನ ಒಂದು ಪುಟ್ಟ ದೀಪ ಆರಿತು. ಒಳಗಿನಿಂದ "ಹೋಯ್ತು!" ಎಂಬ ಕೂಗು. ಒಂದು, ಎರಡು, ಮೂರು, ನಾಲ್ಕು... ದೀಪ ಮತ್ತೆ ಹೊತ್ತಿತು.

ಲೈನಕ್ಕ ಎದ್ದು ನಿಂತಳು. "ಅಮ್ಮಾ, ಆ ಪರದೆ ಇನ್ನೊಂದ್ಸಲ ಎಳೀರಿ."

"ಅಯ್ಯೋ, ನಾನು ಬಟ್ಟೆ ಬದಲಾಯಿಸ್ತಿದೀನಿ!"

"ಬೇಗ ಬದಲಾಯಿಸಿ, ಆಮೇಲೆ ಎಳೀರಿ!"

ಗಿರಾಕಿ ಹೊರಬಂದು, ಏನೆಂದು ತಿಳಿಯದೆ ಪರದೆಯನ್ನು ಆಚೆಗೊಮ್ಮೆ ಈಚೆಗೊಮ್ಮೆ ಎಳೆದಳು. ದೀಪ ಆರಿತು, ಹೊತ್ತಿತು. ಲೈನಕ್ಕ ಸ್ಟೂಲು ಹತ್ತಿ ಕಣ್ಣು ಮುಚ್ಚಿ ಬಾಗಿಲ ಮೇಲಿನ ವೈರು ಹಿಡಿದಳು. ಒಂದು ವರ್ಷದ ಮೇಲೆ ಬೆರಳು ವೈರನ್ನು ಸವರುತ್ತ ಹೊರಟಿತು. ಎರಡು ಗೇಣು ಹೋಗುವಷ್ಟರಲ್ಲಿ ವೈರು ಪರದೆಯ ಮೇಲಂಚಿನೊಳಗೆ ನುಸುಳಿತ್ತು.

"ಇದೇನು ಟೇಲರಮ್ಮಾ?"

"ಅದಾ? ನೀವು ವೈರ್ ಎಳೆದಾಗ ಒಂದು ಮಾರು ಹೆಚ್ಚಿಗೆ ಬಿಟ್ಟಿದ್ರಲ್ಲಾ, ಜೋತಾಡ್ತಿತ್ತು," ಎಂದು ಟೇಲರಮ್ಮ ಹೆಮ್ಮೆಯಿಂದಲೇ ಹೇಳಿದಳು. "ನೋಡೋಕೆ ಲಕ್ಷಣವಾಗಿರ್ಲಿ ಅಂತ ಪರದೆ ಅಂಚಲ್ಲಿ ಲಾಡಿ ಹಾಕೋ ಹಾಗೆ ತೂರಿಸಿ, ಮೇಲೆ ಹೊಲಿಗೆ ಹೊಡೆದೆ. ಗೊತ್ತೇ ಆಗಲ್ಲ ಅಲ್ವಾ?"

ಗೊತ್ತೇ ಆಗಿರಲಿಲ್ಲ. ಅದೇ ಅಲ್ಲವೇ ಕಷ್ಟ. ಬಟ್ಟೆಯ ಮೇಲಿಂದಲೇ ಸವರುತ್ತ ಹೋದ ಬೆರಳು ನಡುವೆ ಒಂದು ಕಡೆ ನಿಂತಿತು. ಹೊಲಿಗೆ ಬಿಚ್ಚಿ ನೋಡಿದರೆ ವೈರಿನ ಮೈಯಲ್ಲಿ ಸೂಜಿ ಚುಚ್ಚಿದ ಒಂದು ತೂತು. ಒಳಗಿನ ಎಂಟರಲ್ಲಿ ಒಂದು ತಂತಿ ಕಡಿದು ಎರಡು ತುಂಡಾಗಿತ್ತು. ಪರದೆ ಬದಿಗೆ ಕಟ್ಟಿದ್ದರೆ ತಂತಿಯ ಎರಡು ತುಂಡೂ ಕೂಡಿಯೇ ಇರುವುವು, ಎಳೆದಾಗೆಲ್ಲ ಗಳಿಗೆ ಅಗಲಿ ಮತ್ತೆ ಕೂಡುವುವು. ಲೈನಕ್ಕ ಬಂದಾಗ ಪರದೆ ಸದಾ ಬದಿಗೆ. ಸಂಜೆಯ ಗಿರಾಕಿಗಳು ಬಂದಾಗ ಸದಾ ಎಳೆದಾಟ. ಕಂಕುಳಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದ ಕತೆ.

ಟೇಲರಮ್ಮನ ಮುಖ ಬಿಳಿಚಿತು. "ನನ್ನ ಸೂಜಿಯಿಂದಾನಾ? ನನ್ನ ಮಗಳಿಗೆ ನಾನೇ..."

"ನಿಮ್ಮ ಹೊಲಿಗೆಯಲ್ಲಿ ತಪ್ಪಿಲ್ಲ, ಎಷ್ಟು ನೇರ ಇದೆ ನೋಡಿ," ಎಂದಳು ಲೈನಕ್ಕ. "ಒಂದು ಮಾರು ಹೆಚ್ಚಿಗೆ ಬಿಟ್ಟವಳು ನಾನು, ಮೂರು ಸಲ ಬಂದು ಮುಟ್ಟಿ ನೋಡದವಳೂ ನಾನು. ಈಗ ಮಾತು ಸಾಕು, ಸ್ಟೂಲು ಹಿಡ್ಕೊಳ್ಳಿ."

ಮೂರೂವರೆ. ಲೈನಕ್ಕ ಹೊಸ ವೈರು ಅಳೆದು ಕತ್ತರಿಸಿದಳು. ಎಂಟು ತಂತಿಯನ್ನೂ ಬಣ್ಣದ ಸಾಲಿಗೆ ಜೋಡಿಸಿ ಒಂದು ತುದಿಗೆ ಪ್ಲಗ್ಗು ಒತ್ತಿದಳು, ಮತ್ತೊಂದು ತುದಿಗೂ ಒತ್ತಿದಳು. ಗೋಡೆಗೆ ಮೊಳೆ ಹೊಡೆಯುತ್ತ ಬಂದು ಬಾಗಿಲ ಹತ್ತಿರ ತಲುಪಿದಾಗ ನಾಲ್ಕಕ್ಕೆ ಎರಡು ನಿಮಿಷ.

"ಅಕ್ಕಾ, ಶುರುವಾಗ್ತಿದೆ! ಈಗ ಹಾಕದಿದ್ರೆ ಆಗಲ್ಲ!"

"ಹಾಕು, ಮಗಳೇ."

ಬಾಗಿಲ ಮೇಲಿನ ನಾಲ್ಕು ಮೊಳೆ ಬಾಕಿ ಉಳಿಯಿತು. ಸುತ್ತಿಗೆಯ ಏಟಿಗೆ ವೈರು ಅಲುಗಾಡಿ ಏನಾದರೂ ಆದರೆ? ಲೈನಕ್ಕ ಸ್ಟೂಲಿನ ಮೇಲೆ ನಿಂತು, ಬಟ್ಟೆ ಒಣಹಾಕುವ ಹಗ್ಗದಂತೆ ವೈರನ್ನು ಎರಡು ಕೈಯಲ್ಲಿ ಎತ್ತಿ ಹಿಡಿದಳು. ಅದು ಶನಿವಾರ, ಅಂಗಡಿಯಲ್ಲಿ ಐದಾರು ಜನ. ಟೇಲರಮ್ಮ ಒಬ್ಬೊಬ್ಬರನ್ನೇ ತಲೆ ಬಗ್ಗಿಸಿ ದಾಟಿಸಿದಳು. "ನಿಧಾನ, ವೈರಿದೆ! ಅಲ್ಲಿ ನನ್ನ ಮಗಳು ಕೋಟೆ ಕಾಯ್ತಿದಾಳೆ!" ಮಗಳ ಆಟದ ಬಗ್ಗೆ ಅವಳು ಗಿರಾಕಿಗಳ ಮುಂದೆ ಹಾಗೆ ಹೇಳಿದ್ದು ಅದೇ ಮೊದಲು.

ಮಗಳು ಹೆಡ್‌ಫೋನಿನ ಒಂದು ಕಿವಿ ಸರಿಸಿಟ್ಟಿದ್ದರಿಂದ ಕ್ಯಾಪ್ಟನ್ನಿನ ದನಿ ಲೈನಕ್ಕನಿಗೂ ಸಣ್ಣಗೆ ಕೇಳುತ್ತಿತ್ತು. ಮೊದಲ ಸುತ್ತು ಇವರ ಕೈತಪ್ಪತೊಡಗಿತು. ಕತ್ತರಿ ಮಾಯವಾಗುತ್ತಿದ್ದ ಹೊತ್ತು ಅದೇ.

"ಕತ್ತರಿ, ಇದೀಯಾ?" ದನಿಯಲ್ಲಿ ಕುಹಕವಿತ್ತು.

"ಇದೀನಿ."

ಸುತ್ತು ಸೋತರು. ಆದರೆ ಕತ್ತರಿ ಕೊನೆಯ ಏಟಿನವರೆಗೂ ಬಾಗಿಲಲ್ಲೇ ನಿಂತು ಸೋತಳು. ಎರಡನೇ ಸುತ್ತಿನ ನಡುವೆ ಮತ್ತೆ, "ಇದೀಯಾ?" ಈ ಸಲ ಕುಹಕ ಇರಲಿಲ್ಲ. "ಇದೀನಿ." ಆ ಸುತ್ತು ಗೆದ್ದರು.

ಅಷ್ಟರಲ್ಲಿ ಲೈನಕ್ಕನ ಜೇಬಿನಲ್ಲಿ ಫೋನು. ಒಂದು ಕೈಯಿಂದ ತೆಗೆದು ಕಿವಿಗೂ ಭುಜಕ್ಕೂ ನಡುವೆ ಸಿಕ್ಕಿಸಿಕೊಂಡಳು. ಸೂಪರ್‌ವೈಸರ್ ಕೇಳಿದ: "ಏನ್ ಬರ್ಕೊಳ್ಲಿ ಅಕ್ಕಾ, ಲೈನ್ ಸರಿಯಿದೆ ಅಂತಾನಾ?"

"ಹಿಂದೆ ಬರೆದ ಮೂರೂ ತಪ್ಪು ಅಂತ ಬರ್ಕೋ. ವೈರ್ ನಡುವೆ ಕಡಿದಿತ್ತು, ಲೈನಕ್ಕ ಮುಟ್ಟಿ ನೋಡಿರಲಿಲ್ಲ ಅಂತ ಬರಿ. ನನ್ನ ಹೆಸರಲ್ಲೇ ಬರಿ."

"ಗೋಡೆ ಮೇಲೆ ಫೋಟೋ ಇದೆಯಲ್ಲ ಅಕ್ಕಾ..."

"ಇರ್ಲಿ ಬಿಡು. ಫೋಟೋದವಳಿಗೂ ತಪ್ಪಾಗತ್ತೆ ಅಂತ ಹುಡುಗರು ಕಲೀಲಿ."

ಮೂರನೇ ಸುತ್ತು ಹದಿನೆಂಟು ನಿಮಿಷ ನಡೆಯಿತು. ತೋಳು ಮರಗಟ್ಟಿತು, ಬೆರಳು ಮಾತ್ರ ಬಿಡಲಿಲ್ಲ. ಕಡೆಗೆ ಕೋಣೆಯೊಳಗಿಂದ ಎದ್ದ ಕಿರುಚಾಟಕ್ಕೆ ಅಂಗಡಿಯ ಕತ್ತರಿಯೂ ನಿಂತಿತು, ಯಂತ್ರವೂ ನಿಂತಿತು. ಗೆದ್ದರು! ಟೇಲರಮ್ಮ ಅಳತೆಯ ಟೇಪು ಕೊರಳಲ್ಲಿ ಹಾಕಿಕೊಂಡೇ ಓಡಿ ಮಗಳನ್ನು ತಬ್ಬಿದಳು.

"ನನ್ನದು ತಪ್ಪಾಯ್ತು ಕಣೇ," ಎನ್ನುತ್ತಿತ್ತು ಕ್ಯಾಪ್ಟನ್ನಿನ ದನಿ. "ಅದ್ಸರಿ, ಲೈನ್ ಹೆಂಗ್ ಸರಿಹೋಯ್ತು?"

"ನಮ್ಮ ಲೈನಕ್ಕ. ಇನ್ನೂ ವೈರ್ ಎತ್ತಿ ಹಿಡ್ಕೊಂಡೇ ನಿಂತಿದಾರೆ!" ಎಂದ ಮಗಳು ಹೆಡ್‌ಫೋನ್ ಕಿತ್ತು ಸ್ಪೀಕರಿಗೆ ಹಾಕಿದಳು. ನಾಲ್ಕು ಊರಿನ ನಾಲ್ಕು ದನಿ ಒಟ್ಟಿಗೆ ಅಂಗಡಿ ತುಂಬಿತು.

"ಅಕ್ಕಾ! ಲೈನಕ್ಕಾ! ಇದೀರಾ?"

ಇಪ್ಪತ್ತಮೂರು ವರ್ಷ ಲೈನಿನ ಈ ತುದಿಯಿಂದ "ಕೇಳಿಸ್ತಿದೆಯಾ?" ಎಂದು ಅವಳೇ ಕೇಳಿದ್ದಳು. ಆ ತುದಿಯಿಂದ ಯಾರೂ ಅವಳನ್ನು ಹಾಗೆ ಕೇಳಿರಲಿಲ್ಲ.

"ಇದೀನ್ರಮ್ಮಾ," ಎಂದಳು ಲೈನಕ್ಕ ಸ್ಟೂಲಿನ ಮೇಲಿಂದ. "ಎಲ್ಲಿಗ್ ಹೋಗ್ಲಿ, ಇನ್ನೂ ನಾಲ್ಕು ಮೊಳೆ ಬಾಕಿ ಇದೆ."