ತೊಳೆಯದೆ ಬಿಟ್ಟ ಬಸವ

ಚಿಕ್ಕಬಳ್ಳಾಪುರದಿಂದ ಗೌರಿಬಿದನೂರಿಗೆ ಹೋಗುವ ದಾರಿಯಿಂದ ಒಳಗೆ ಸರಿದರೆ ನಮ್ಮೂರು. ಊರಾಚೆ ಗುಡ್ಡದಲ್ಲಿ ಜಲ್ಲಿ ಕ್ರಷರ್, ಈಚೆ ಹಳೇ ಕಾಲದ ಕಲ್ಲಿನ ಗುಡಿ. ಕ್ರಷರ್ ಬಂದಮೇಲೆ ಕಂಬಗಳ ಮೇಲಿನ ಕೆತ್ತನೆಯೆಲ್ಲ ಹಿಟ್ಟಿನ ಗಿರಣಿಯಲ್ಲಿ ನಿಂತವರ ಹಾಗೆ ಬೆಳ್ಳಗಾಗಿತ್ತು. ಅಮ್ಮ ದಿನಾ ಬೆಳಿಗ್ಗೆ ಗುಡಿ ಗುಡಿಸಿ, ಕಲ್ಲಿನ ಬಸವನ ಮುಖ ತೊಳೆದು ಬರುತ್ತಿದ್ದಳು. "ಮೂಗಿನ ಹೊಳ್ಳೆಯೆಲ್ಲಾ ಮುಚ್ಕೊಂಡೈತೆ ಕಣೇ," ಎಂದು ಸಂಕಟಪಡುವಳು.

ಊರಿನ ನಾಲ್ಕು ಜನ ಸೇರಿ ಕ್ರಷರಿನ ಧೂಳಿನ ವಿರುದ್ಧ ಹೈಕೋರ್ಟಿಗೆ ಹೋದೆವು. ಅಲೆದು ಅಲೆದು ಚಪ್ಪಲಿ ಸವೆದ ಮೇಲೆ, ಸ್ಥಳ ನೋಡಿ ವರದಿ ಕೊಡಲು ಕೋರ್ಟು ಒಬ್ಬ ವಕೀಲರನ್ನು ನೇಮಿಸಿತು. ಜೊತೆಗೆ ಪರಿಸರ ಅಧಿಕಾರಿಯೂ ಬರುತ್ತಾರೆಂದು ನೋಟಿಸು ಬಂತು. ಧೂಳಿಲ್ಲ ಎಂದು ಅವರು ಬರೆದರೆ ನಮ್ಮ ಕೇಸು ಮುಗಿದ ಹಾಗೆ.

ಶಿಡ್ಲಘಟ್ಟದ ಶಾಲೆಯಲ್ಲಿ ಪಾಠ ಮಾಡುವ ನಾನು ಅವರು ಬರುವ ದಿನ ರಜೆ ಹಾಕಿ ಬಂದು ನೋಡುತ್ತೇನೆ, ಗುಡಿ ಥಳಥಳ! ಅಮ್ಮ, ಬೀದಿಯ ಹೆಂಗಸರು ಸೇರಿ ಟ್ಯಾಂಕರ್ ನೀರು ತರಿಸಿ, ಕಂಬ ಕಂಬ ಉಜ್ಜಿ, ರಂಗೋಲಿ ಬೇರೆ ಹಾಕಿದ್ದರು. ಕ್ರಷರಿನವರೂ ಜಾಣರು, ಅವತ್ತು ಯಂತ್ರ ನಿಲ್ಲಿಸಿದ್ದರು.

"ಏನಮ್ಮಾ ಮಾಡ್ಬಿಟ್ಟೆ!" ಎಂದು ಎಲ್ಲರೆದುರೇ ಕೂಗಾಡಿದೆ.

"ಕೋರ್ಟಿನೋರು ಬರ್ತಾರೆ ಅಂದೆ. ಬಂದೋರನ್ನ ಗಲೀಜಲ್ಲಿ ಕೂರಿಸ್ಲಾ?" ಎಂದಳು.

ಸಿಟ್ಟಿಗೆ ನನಗೆ ಅಳು ಬಂತು. ವಕೀಲರು ಕಂಬದ ಮೇಲೆ ಬೆರಳಾಡಿಸಿದರು, ಏನೂ ಅಂಟಲಿಲ್ಲ. ಆಗ ಅಮ್ಮ ಸೆರಗು ಸಿಕ್ಕಿಸಿಕೊಂಡು ಮುಂದೆ ಬಂದಳು. "ತೊಳ್ದಿದ್ದು ನಾನೇ ಸ್ವಾಮಿ, ಬರ್ಕೊಳ್ಳಿ. ತಪ್ಪು ನಂದು, ಬಸವಂದಲ್ಲ."

ವಕೀಲರು ನಗಲಿಲ್ಲ, ಬರೆದುಕೊಂಡರು. ಅಧಿಕಾರಿಯೊಡನೆ ಮಾತಾಡಿ, ಗುಡಿಯ ಮೇಲೆ ಹದಿನೈದು ದಿನ ಧೂಳು ಅಳೆಯುವ ಯಂತ್ರ ಇಡಿಸಿದರು. ಅಲ್ಲಿಯವರೆಗೆ ಯಾರೂ ಗುಡಿಸಬಾರದು, ಒಂದು ಚೊಂಬು ನೀರೂ ಹಾಕಬಾರದು ಎಂದರು. ಅಮ್ಮನ ಮುಖ ಸಣ್ಣಗಾಯಿತು.

ಅಷ್ಟು ದಿನ ಸುಮ್ಮನಿರುವ ತಾಳ್ಮೆ ಕ್ರಷರಿನವರಿಗೆಲ್ಲಿ? ಮೂರನೇ ದಿನಕ್ಕೇ ಶುರು ಹಚ್ಚಿಕೊಂಡರು. ಅಮ್ಮ ಪೊರಕೆಯಿಲ್ಲದೆ ಬರಿಗೈಯಲ್ಲಿ ಹೋಗಿ ಬಸವನೆದುರು ಕೂರುತ್ತಿದ್ದಳು. ಅವಳ ತವರು ಚಿಂತಾಮಣಿ ಕಡೆ, ಮುದ್ದಿನ ಮಾತೆಲ್ಲ ತೆಲುಗಿನಲ್ಲೇ. "ಓರ್ಚುಕೋ ನಾಯನಾ, ಇನ್ನೊಂದಿಷ್ಟು ದಿನ ತಡ್ಕೋ," ಎನ್ನುವಳು. ಬಸವನ ಕಣ್ಣಿನ ಗುಣಿಯಲ್ಲಿ ಧೂಳು ತುಂಬುವುದನ್ನು ನೋಡುತ್ತ ಕೈ ಕಟ್ಟಿ ಕೂತಿದ್ದ ಅವಳನ್ನು ಕಂಡು, ಕೂಗಾಡಿದ್ದಕ್ಕೆ ನನಗೆ ನಾಚಿಕೆಯಾಯಿತು.

ಆ ಅಳತೆ ನೋಡಿಯೇ ಮುಂದೆ ಕೋರ್ಟು ಕ್ರಷರನ್ನು ಮುಚ್ಚಿಸಿದ್ದು. ಆದರೆ ನನ್ನ ಮನಸ್ಸಿನಲ್ಲಿ ಉಳಿದಿರುವುದು ಗುಡಿಯ ಮೇಲಿಂದ ಆ ಅಳೆಯುವ ಯಂತ್ರ ಇಳಿಸಿದ ಬೆಳಿಗ್ಗೆ. "ಇನ್ನು ತೊಳೀಬಹುದಮ್ಮ," ಎಂದರು ಅಧಿಕಾರಿ. ಬಿಂದಿಗೆ ಎತ್ತಿದ ಅಮ್ಮ ಹಾಗೇ ನಿಂತಳು.

"ಸಾಕಾ ಸ್ವಾಮಿ? ಸಾಲ್ದಿದ್ರೆ ಹೇಳಿ. ಇನ್ನೂ ನಾಲ್ಕು ದಿನ ತಡ್ಕೊತೀವಿ, ಬಸವನೂ ನಾನೂ."